ಕಡವಿನಲ್ಲಿದ್ದ ಐದನೆಯವನು

ಭಾನುವಾರದ ಪತ್ರಿಕೆಯನ್ನು ಅಯೋಲಾ ತಂಗಿಯ ಅಡುಗೆಮನೆಯ ಮೇಜಿನ ಮೇಲೆ ಹಾಸಿ, ಅದರಲ್ಲಿದ್ದ ಚಿತ್ರವೊಂದರ ಮೇಲೆ ಬೆರಳಿಟ್ಟು ನಿಂತಳು. ಚರ್ಚಿನಿಂದ ನೇರವಾಗಿ ಬಂದಿದ್ದಳು. ತಲೆಯ ಮೇಲಿನ ನೇರಳೆ ಟೋಪಿ ತೆಗೆದಿರಲಿಲ್ಲ, ಕುರ್ಚಿ ಎಳೆದುಕೊಂಡು ಕೂರಲೂ ಇಲ್ಲ.

"ಇದೇನೇ ಇದು?"

ರುವೀನಿಯಾ ಬಾಣಲೆಯಲ್ಲಿ ಬೆಂಡೆಕಾಯಿ ಹುರಿಯುತ್ತಿದ್ದಳು. ಕತ್ತು ಹೊರಳಿಸಿ ನೋಡಿ ಮತ್ತೆ ಒಲೆಯ ಕಡೆ ತಿರುಗಿದಳು. "ನನ್ನ ಚಿತ್ರ. ನಗರದ ಮ್ಯೂಸಿಯಂನಲ್ಲಿ ಇಪ್ಪತ್ತೆರಡು ತಗಡಿನ ಚಿತ್ರ ನೇತುಹಾಕಿದಾರೆ ಅಂತ ಹೇಳಿದ್ನಲ್ಲ."

"ಚಿತ್ರ ಅಂತ ನಂಗೂ ಕಾಣ್ತದೆ. ಯಾವ ಚಿತ್ರ ಅಂತ ಕೇಳ್ತಿದೀನಿ."

ಪತ್ರಿಕೆಯವರು ಇಪ್ಪತ್ತೆರಡರಲ್ಲಿ ಅದನ್ನೇ ಆರಿಸಿಕೊಂಡಿದ್ದರು. ನದಿ, ದೋಣಿ ಕಡವು, ನೀರಿನ ಮೇಲೆ ಬಾಗಿದ ಮರ, ದಡಕ್ಕೆ ಅರ್ಧ ಎಳೆದಿಟ್ಟ ದೋಣಿ. ಮೂವರು ಬಿಳಿಯರು ನಿಂತಿದ್ದಾರೆ, ಒಬ್ಬ ಕರಿಯ ಮಂಡಿಯೂರಿದ್ದಾನೆ. ಹಿಂದೆ ಒಂದು ಟ್ರಕ್, ಅದರ ಬಾಗಿಲ ಮೇಲೆ ಕತ್ತೆತ್ತಿ ಕೂಗುತ್ತಿರುವ ಹುಂಜ. ಅಚ್ಚಿನಲ್ಲಿ ಬಣ್ಣವೆಲ್ಲ ಬೂದಿಯಾಗಿದ್ದರೂ ಹುಂಜದ ಜುಟ್ಟು, ಬಾಲದ ಮೂರು ಗರಿ ಎದ್ದು ಕಾಣುತ್ತಿದ್ದವು. ಹ್ಯಾಡ್ಲಿ ಊರಿನಲ್ಲಿ ಆ ಹುಂಜವನ್ನು ಅರಿಯದವರಿಲ್ಲ. ಸ್ಟ್ರಿಬ್ಲಿಂಗ್ ಮನೆತನದ ಮೇವಿನ ಅಂಗಡಿಯ ಬೋರ್ಡಿನ ಮೇಲೆ, ಅಲ್ಲಿಂದ ಹೊರಡುವ ಪ್ರತಿ ಚೀಲದ ಮೇಲೆ, ಅರವತ್ತು ವರ್ಷದಿಂದ ಅದೇ ಹುಂಜ.

ಚಿತ್ರದ ಕೆಳಗೆ ಅಚ್ಚಾಗಿತ್ತು: 'ಕಡವಿನ ಕನಸು. ರುವೀನಿಯಾ ಗ್ಯಾಸ್ಕಿನ್, ಹ್ಯಾಡ್ಲಿ, ಅಲಬಾಮಾ.'

ಅಯೋಲಾ ಬೆರಳಿನಿಂದ ಚಿತ್ರದಲ್ಲಿದ್ದವರನ್ನು ಒಬ್ಬೊಬ್ಬರನ್ನಾಗಿ ಎಣಿಸಿದಳು. ಇನ್ನೊಮ್ಮೆ ಎಣಿಸಿದಳು. "ಇಷ್ಟೇ ಜನಾನಾ ನೀನು ಬರೆದಿರೋದು?"

"ಇಷ್ಟೇ."

"ಮರದ ಹಿಂದೆ, ಅಲ್ಲಿ ಇಲ್ಲಿ, ಬೇರೆ ಯಾರೂ ಇಲ್ಲ ತಾನೆ?"

"ಇಲ್ಲ ಅಂದ್ನಲ್ಲಕ್ಕ."

ಆಗ ಅಯೋಲಾ ಕೂತಳು. ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡಳು. "ನಲವತ್ತೊಂದು ವರ್ಷ ಸುಮ್ಮನಿದ್ದವಳಿಗೆ ಈಗ ಏನು ಬಂತು? ಅಮ್ಮ ನಿನ್ನ ಬಾಯಿ ಮುಚ್ಚಿದ್ದು ಮರ್ತೇಹೋಯ್ತಾ?"

"ಅಮ್ಮ ಬಾಯಿ ಮುಚ್ಚಿದ್ಲು. ಕೈ ಕಟ್ಟಿರ್ಲಿಲ್ಲ."

"ನಗೋ ಮಾತಲ್ಲ ಇದು. ಡೆಲ್ಮರ್ ಸ್ಟ್ರಿಬ್ಲಿಂಗ್ ಇನ್ನೂ ಬದುಕಿದಾನೆ. ಪ್ರತಿದಿನ ಅಂಗಡಿ ಮುಂದೆ ಕೂತ್ಕೊಂಡು ಪೇಪರ್ ಓದ್ತಾನೆ."

ಅದು ರುವೀನಿಯಾಗೂ ಗೊತ್ತಿತ್ತು. ಆದರೆ ಆ ತಗಡು ಪತ್ರಿಕೆಯವರೆಗೆ ಹೋಗುತ್ತದೆಂದು ಅವಳು ಎಣಿಸಿರಲಿಲ್ಲ. ಎಂಟು ವರ್ಷದ ಹಿಂದೆ ಶಾಲೆಯ ಅಡುಗೆಮನೆಯಲ್ಲಿ ಜಾರಿ ಬಿದ್ದು ಸೊಂಟ ಮುರಿದುಕೊಂಡಾಗ ಅವಳ ಕೆಲಸ ಹೋಯಿತು. ಮೂರು ತಿಂಗಳು ಕಿಟಕಿಯ ಪಕ್ಕ ಕೂತವಳು, ಹಿತ್ತಲಲ್ಲಿ ಬಿದ್ದಿದ್ದ ಹಳೆಯ ಚಾವಣಿ ತಗಡಿನ ಮೇಲೆ, ಶಾಲೆಯ ಗೋಡೆಗೆ ಬಳಿದು ಮಿಕ್ಕ ಬಣ್ಣದಲ್ಲಿ ಒಂದು ಹೇಸರಗತ್ತೆ ಬರೆದಳು. ಆಮೇಲೆ ನಿಲ್ಲಿಸಲಾಗಲಿಲ್ಲ. ಕುಂಚಕ್ಕೆ ಬದಲು ತುದಿ ಜಗಿದ ಕಡ್ಡಿ, ಆಕಾಶಕ್ಕೆ ಬಟ್ಟೆಗೆ ಹಾಕುವ ನೀಲಿ. ನದಿಯಲ್ಲಿ ದೀಕ್ಷಾಸ್ನಾನ, ಹತ್ತಿ ಬಿಡಿಸುವ ಹೆಂಗಸರು, ಹಂದಿ ಕೊಯ್ಯುವ ದಿನ, ಹೊಟ್ಟೆಯಲ್ಲಿ ದೀಪವಿರುವ ಒಂದು ಹಾವು. ಬೇಲಿಗೆ ಒರಗಿಸಿಟ್ಟಿದ್ದನ್ನು ರಸ್ತೆಯಲ್ಲಿ ಹೋಗುತ್ತಿದ್ದ ವಾರೆನ್ ಕೀಫ್ ನೋಡಿ ಕಾರು ನಿಲ್ಲಿಸಿದ್ದ. ಹಳ್ಳಿಹಳ್ಳಿ ಸುತ್ತಿ, ಯಾರಿಂದಲೂ ಕಲಿಯದೆ ಚಿತ್ರ ಬರೆಯುವವರನ್ನು ಹುಡುಕಿ, ಅವರದ್ದನ್ನು ಕೊಂಡು ನಗರಕ್ಕೆ ಒಯ್ಯುವವನು ಆತ.

"ಇವೆಲ್ಲ ಎಲ್ಲಿಂದ ಬರ್ತವೆ ನಿಮಗೆ?" ಎಂದು ಆ ದಿನ ಕೇಳಿದ್ದ.

"ದೇವರು ಕನಸಲ್ಲಿ ತೋರಿಸ್ತಾನೆ," ಎಂದಿದ್ದಳು ರುವೀನಿಯಾ. ಹಾಗೆ ಹೇಳಿದರೆ ಬಿಳಿಯರು ಮುಂದಕ್ಕೆ ಕೇಳುವುದನ್ನು ನಿಲ್ಲಿಸುತ್ತಾರೆ ಎಂಬುದು ಅವಳಿಗೆ ಚಿಕ್ಕಂದಿನಿಂದ ಗೊತ್ತಿದ್ದ ಸಂಗತಿ. ಕೀಫ್ ಅದನ್ನು ಭಕ್ತಿಯಿಂದ ಬರೆದುಕೊಂಡ. ಅಲ್ಲಿಂದಾಚೆ ಅವಳ ಪ್ರತಿ ಚಿತ್ರವೂ ಕನಸಾಯಿತು. ಕಡವಿನ ತಗಡನ್ನು ಅವನು ಒಯ್ಯುವಾಗ ಬೇಡ ಎನ್ನಬಹುದಿತ್ತು. ಅನ್ನಲಿಲ್ಲ. ಯಾಕೆಂದು ಅವಳಿಗೇ ಗೊತ್ತಿರಲಿಲ್ಲ.

"ಕನಸು ಅಂತಲೇ ಇರ್ಲಿ," ಎಂದಳು ಅಯೋಲಾ, ಎದ್ದು ಹೊರಡುತ್ತ. "ಯಾರು ಬಂದು ಕೇಳಿದ್ರೂ ಕನಸು. ಕಿವಿಗೆ ಬಿತ್ತಾ?"

ಮಂಗಳವಾರ ಕೀಫ್ ಬಂದ. ಯಾವಾಗಲೂ ಬೇಯಿಸಿದ ಕಡಲೆಕಾಯಿ ಕೇಳಿ ತಿನ್ನುವವನು ಅಂದು ಮೆಟ್ಟಿಲ ಮೇಲೆಯೇ ನಿಂತು ಬ್ಯಾಗಿನಿಂದ ಒಂದು ಕಾಗದ ತೆಗೆದ.

"ಒಂದು ಸಣ್ಣ ತೊಂದರೆ ಆಗಿದೆ, ಮಿಸ್ ರುವೀನಿಯಾ. ಸ್ಟ್ರಿಬ್ಲಿಂಗ್ ಕಡೆಯ ವಕೀಲರು ಮ್ಯೂಸಿಯಂಗೆ ಪತ್ರ ಬರೆದಿದಾರೆ. ಹುಂಜ ಅವರದ್ದಂತೆ. ಆ ಚಿತ್ರ ನೋಡಿದವರು ಅವರನ್ನ ಕೊಲೆಗಾರರು ಅಂದ್ಕೊಳ್ತಾರಂತೆ. ಶುಕ್ರವಾರ ಬೆಳಿಗ್ಗೆ ಹತ್ತು ಗಂಟೆಗೆ ಎಲ್ಲರೂ ಸೇರ್ತಿದೀವಿ. ನೀವು ಬಂದು ಇದಕ್ಕೊಂದು ಸಹಿ ಹಾಕಿದರೆ ಮುಗೀತು."

"ಏನಂತ ಬರೆದಿದೆ ಇದರಲ್ಲಿ?"

"ಇದು ಪೂರ್ತಿ ಕಲ್ಪನೆ, ನಿಮಗೆ ಬಿದ್ದ ಕನಸು, ನಿಜವಾಗಿ ನಡೆದದ್ದಲ್ಲ ಅಂತ. ನೀವೇ ಹೇಳಿದ್ದು ತಾನೆ?"

"ಸಹಿ ಹಾಕದಿದ್ರೆ?"

ಕೀಫ್ ಕನ್ನಡಕ ತೆಗೆದು ಒರೆಸಿಕೊಂಡ. "ಇಪ್ಪತ್ತೆರಡನ್ನೂ ಇಳಿಸ್ತಾರೆ. ಬೇರೆ ಮ್ಯೂಸಿಯಂನೋರೂ ಆಮೇಲೆ ನಿಮ್ಮ ಹೆಸರು ಎತ್ತೋದಿಲ್ಲ. ಯಾಕೆ, ಸಹಿ ಹಾಕೋಕೆ ಏನಾದ್ರೂ..." ಎಂದು ಅರ್ಧಕ್ಕೆ ನಿಲ್ಲಿಸಿ ಅವಳ ಮುಖ ನೋಡಿದ. ಅವಳ ಮುಖದಲ್ಲಿ ಅವನು ಓದುವಂಥದ್ದು ಏನೂ ಇರಲಿಲ್ಲ.

ಹೋಗುವ ಮುಂಚೆ ನೆನಪಿಸಿಕೊಂಡು ಹೇಳಿದ. "ಡೆಟ್ರಾಯ್ಟ್‌ನಿಂದ ಒಬ್ಬ ಹೆಂಗಸು ಮ್ಯೂಸಿಯಂಗೆ ಫೋನ್ ಮಾಡಿದ್ದರಂತೆ. ಇಲ್ಲಿನ ನೆಂಟರು ಯಾರೋ ಪತ್ರಿಕೆ ನೋಡಿ ತಿಳಿಸಿದಾರೆ. ಮಾರ್ವಲೀನ್ ಲೆಡ್‌ಬೆಟರ್ ಅಂತ. ನಿಮ್ಮನ್ನ ನೋಡಬೇಕಂತೆ."

ರುವೀನಿಯಾ ಬಾಗಿಲ ಚೌಕಟ್ಟು ಹಿಡಿದುಕೊಂಡಳು. ಚಿತ್ರದಲ್ಲಿ ಮಂಡಿಯೂರಿದ್ದ ಕ್ಲೋವಿಸ್ ಲೆಡ್‌ಬೆಟರ್‌ಗೆ ಎರಡು ವರ್ಷದ ಮಗಳೊಬ್ಬಳಿದ್ದದ್ದು ಅವಳಿಗೆ ನೆನಪಿತ್ತು. ಅವಳೇ ಆ ಮಗುವನ್ನು ಎಷ್ಟೋ ಸಲ ಸೊಂಟದ ಮೇಲೆ ಎತ್ತಿಕೊಂಡು ತಿರುಗಿದ್ದಳು.

ಬುಧವಾರ ಮಧ್ಯಾಹ್ನ ಡೆಲ್ಮರ್ ಸ್ಟ್ರಿಬ್ಲಿಂಗ್ ತಾನೇ ಬಂದ.

ಎಪ್ಪತ್ತೆರಡು ವರ್ಷದ ಮುದುಕ, ಟ್ರಕ್ಕಿನಿಂದ ಇಳಿಯಲು ಹೊತ್ತು ಹಿಡಿಯಿತು. ಅಂಗಳದಲ್ಲಿ ಒಣಗಲು ಇಟ್ಟಿದ್ದ ತಗಡುಗಳ ನಡುವೆ ಕೋಲೂರಿಕೊಂಡು ನಿಧಾನವಾಗಿ ನಡೆದ. ಸಂತೆಯಲ್ಲಿ ಎತ್ತು ನೋಡುವವನಂತೆ ಒಂದೊಂದನ್ನೂ ಬಗ್ಗಿ ನೋಡಿದ. ರುವೀನಿಯಾ ಜಗುಲಿಯ ಮೇಲೆ ಬಟಾಣಿ ಸುಲಿಯುತ್ತಿದ್ದವಳು ಏಳಲಿಲ್ಲ. ಏಳಬೇಕೆಂದು ಕಾಲು ತಾನಾಗಿ ಮಿಡುಕಿತು. ಬೋಗುಣಿಯನ್ನು ಬಿಗಿಯಾಗಿ ಹಿಡಿದು ಕೂತೇ ಇದ್ದಳು.

"ಚೆನ್ನಾಗಿ ಬರೀತೀಯ ರೂವಿ," ಎಂದ. ಜಗುಲಿ ಹತ್ತಿ, ಕೇಳದೆಯೇ ಖಾಲಿ ಕುರ್ಚಿಯಲ್ಲಿ ಕೂತ. "ನನ್ನ ಹೆಂಡತಿ ಇದ್ದಿದ್ರೆ ಆ ಹೇಸರಗತ್ತೆ ತಗೊಂಡು ಅಡುಗೆಮನೇಲಿ ಹಾಕೋಳು."

"ಏನು ಬೇಕಿತ್ತು, ಮಿಸ್ಟರ್ ಸ್ಟ್ರಿಬ್ಲಿಂಗ್?"

"ಏನೂ ಬೇಡ. ಶುಕ್ರವಾರ ನೀನು ಸಹಿ ಹಾಕ್ತೀಯ ಅಂತ ವಕೀಲ ಹೇಳಿದ. ಹಾಕು. ಒಳ್ಳೇದು. ನಾನು ಬಂದದ್ದು ಬೇರೆ ವಿಷಯಕ್ಕೆ." ಕೋಲನ್ನು ಎರಡು ಮಂಡಿಯ ನಡುವೆ ನಿಲ್ಲಿಸಿಕೊಂಡ. "ಆ ನಿನ್ನ ಕನಸಲ್ಲಿ ಎಷ್ಟು ಜನ ಇದಾರೆ?"

ಅವಳು ಇನ್ನೊಂದು ಕಾಯಿ ಬಿಡಿಸಿದಳು.

"ನಾಲ್ಕು. ಎಣಿಸ್ದೆ ನಾನು. ಯಾಕೋ ಒಂದು ತಲೆ ಕಮ್ಮಿ ಅನ್ನಿಸ್ತು."

ಬೋಗುಣಿಯಲ್ಲಿ ರುವೀನಿಯಾಳ ಬೆರಳುಗಳು ನಿಂತವು.

"ನಿಮ್ಮಪ್ಪ ಹೋಸಿಯಾ ಒಳ್ಳೆ ಮನುಷ್ಯ," ಎಂದ ಸ್ಟ್ರಿಬ್ಲಿಂಗ್, ರಸ್ತೆಯ ಕಡೆ ನೋಡುತ್ತ. "ನಮ್ಮಲ್ಲಿ ಹತ್ತೊಂಬತ್ತು ವರ್ಷ ಚೀಲ ಹೊತ್ತ. ಒಂದು ಕಾಳು ಕದಿಯಲಿಲ್ಲ. ನಿಮ್ಮ ಚರ್ಚಲ್ಲಿ ಹಿರಿಯ ಆಗಿದ್ದ ಅಲ್ವಾ? ಅಡಿಪಾಯದ ಕಲ್ಲಿನ ಮೇಲೆ ಹೆಸರಿದೆ ಅಂತಾರೆ. ಅಂಥವನ ಹೆಸರು ಜನರ ಬಾಯಿಗೆ ಬಿದ್ದು ಕೆಡೋದು ನನಗೆ ಇಷ್ಟ ಇಲ್ಲ. ನಿನಗೂ ಇರಲಿಕ್ಕಿಲ್ಲ."

ಎದ್ದು ಮೆಟ್ಟಿಲಿಳಿದ. ಟ್ರಕ್ಕಿನ ಬಾಗಿಲು ತೆಗೆದವನು ತಿರುಗಿ, "ನಿಮ್ಮಕ್ಕನಿಗೆ ನಾನು ಕೇಳಿದೆ ಅಂತ ಹೇಳು," ಎಂದ.

ಅವನು ಹೋದ ಮೇಲೂ ಅವಳು ಬಟಾಣಿ ಸುಲಿಯುತ್ತಲೇ ಇದ್ದಳು. ಕಾಳನ್ನು ಸಿಪ್ಪೆಯ ಬುಟ್ಟಿಗೂ ಸಿಪ್ಪೆಯನ್ನು ಕಾಳಿನ ಬೋಗುಣಿಗೂ ಹಾಕುತ್ತಿದ್ದೇನೆಂದು ಬಹಳ ಹೊತ್ತಿನ ಮೇಲೆ ಅರಿವಾಯಿತು.

ಸಾವಿರದ ಒಂಬೈನೂರ ನಲವತ್ತೇಳರ ಜೂನ್. ಅವಳಿಗೆ ಹನ್ನೊಂದು ವರ್ಷ. ಕ್ಲೋವಿಸ್ ಲೆಡ್‌ಬೆಟರ್ ಫ್ರಾನ್ಸಿನ ಯುದ್ಧದಿಂದ ಬಂದು ಎರಡು ವರ್ಷವಾಗಿತ್ತು. ಮತದಾರರ ಪಟ್ಟಿಯಲ್ಲಿ ತನ್ನ ಹೆಸರು ಬರೆಯಿರೆಂದು ಮೂರು ಸಲ ಕೋರ್ಟಿನ ಕಟ್ಟಡಕ್ಕೆ ಹೋಗಿದ್ದ. ನಾಲ್ಕನೆಯ ಸಲ ಇನ್ನೂ ಆರು ಜನರನ್ನು ಕರೆದುಕೊಂಡು ಹೋಗುತ್ತೇನೆಂದು ಚರ್ಚಿನಲ್ಲಿ ಎದ್ದುನಿಂತು ಹೇಳಿದ್ದ. ಅದಾಗಿ ನಾಲ್ಕು ದಿನಕ್ಕೆ, ಬೆಳಿಗ್ಗೆ, ಪೆಟಿಗ್ರೂ ಎಂಬ ಆ ಕಡವಿನ ಮೇಲಿನ ಪೊದೆಗಳಲ್ಲಿ ರುವೀನಿಯಾ ಕಪ್ಪುಹಣ್ಣು ಕೀಳುತ್ತಿದ್ದಳು. ಅಪ್ಪ ಕ್ಲೋವಿಸ್‌ನ ಜೊತೆ ಇಳಿದು ಬರುವುದು ಕಂಡಿತು. ಅಂಗಡಿಯ ಟ್ರಕ್ಕಿನ ಚಕ್ರ ಕೆಸರಲ್ಲಿ ಹೂತಿದೆ, ಒಂದು ಕೈ ಹಾಕು ಬಾ ಎಂದು ಅಪ್ಪ ಅವನನ್ನು ಕರೆತಂದಿದ್ದ. ಚಕ್ರ ಹೂತಿರಲಿಲ್ಲ. ಟ್ರಕ್ಕಿನ ಹಿಂದಿನಿಂದ ಮೂವರು ಬಂದರು. ಡೆಲ್ಮರ್ ಸ್ಟ್ರಿಬ್ಲಿಂಗ್‌ನ ಕೈಯಲ್ಲಿ ದೋಣಿಯ ಹುಟ್ಟು ಇತ್ತು. ಅಪ್ಪನಿಗೆ ಹೋಗು ಎಂದರು. ಅಪ್ಪ ಟೋಪಿ ತೆಗೆದು ಕೈಯಲ್ಲಿ ಹಿಡಿದು ಏನೋ ಹೇಳಿದ, ಮತ್ತೆ ಹೋಗು ಎಂದರು. ಅವನು ಬೆನ್ನು ತಿರುಗಿಸಿದ. ಮೊದಲ ಏಟು ಬಿದ್ದದ್ದನ್ನು ಅವಳು ನೋಡಿದಳು, ಕ್ಲೋವಿಸ್ ಮಂಡಿಯೂರಿದ್ದನ್ನು ನೋಡಿದಳು. ಆಮೇಲೆ ಏರಿ ಬರುತ್ತಿದ್ದ ಅಪ್ಪ ಪೊದೆಯಲ್ಲಿ ಅವಳನ್ನು ಕಂಡ. ಎತ್ತಿಕೊಂಡು ಅವಳ ಮುಖವನ್ನು ತನ್ನ ಭುಜಕ್ಕೆ ಒತ್ತಿಕೊಂಡ. ಓಡಲಿಲ್ಲ, ನಡೆದ. ಉಳಿದದ್ದನ್ನು ಅವಳು ಆ ಭುಜದ ಬಟ್ಟೆಯ ಒಳಗಿನಿಂದ ಕೇಳಿದಳು.

ಕುಡಿದು ನದಿಗೆ ಬಿದ್ದ ಎಂದು ಸರ್ಕಾರದ ಕಾಗದದಲ್ಲಿ ಬರೆದರು. ಕ್ಲೋವಿಸ್ ಒಂದು ಹನಿಯನ್ನೂ ಮುಟ್ಟಿದವನಲ್ಲ.

ಅಪ್ಪ ಆಮೇಲೆ ಹದಿನಾಲ್ಕು ವರ್ಷ ಬದುಕಿದ್ದ. ಆ ಕಡವಿನ ದಾರಿ ತುಳಿಯಲಿಲ್ಲ. ಅದರ ಬಗ್ಗೆ ಒಂದು ಮಾತು ಆಡಲಿಲ್ಲ, ಅವಳೂ ಕೇಳಲಿಲ್ಲ.

ಗುರುವಾರ ಬಂದ ಮಾರ್ವಲೀನ್ ಎತ್ತರದ ಹೆಂಗಸು, ಅಂಚೆ ಕಚೇರಿಯಲ್ಲಿ ಮೇಲ್ವಿಚಾರಕಿ. ಇಪ್ಪತ್ತೆರಡು ಗಂಟೆ ಬಸ್ಸಿನಲ್ಲಿ ಕೂತು ಹಿಂದಿನ ದಿನ ನಗರಕ್ಕೆ ಬಂದಿಳಿದಿದ್ದರೂ ಅಂಗಿಯ ಮಡಿಕೆ ಕೆಟ್ಟಿರಲಿಲ್ಲ. ಸುದ್ದಿ ತಿಳಿದು ಅಯೋಲಾ ಮೊದಲೇ ಬಂದು ಅಡುಗೆಮನೆಯ ಮೂಲೆಯಲ್ಲಿ ಕೂತಿದ್ದಳು. ಮೇಜಿನ ಮೇಲೆ ಜೋಳದ ರೊಟ್ಟಿ, ಸೊಪ್ಪು, ಸಿಹಿ ಚಹಾ. ಮಾರ್ವಲೀನ್ ಯಾವುದನ್ನೂ ಮುಟ್ಟದೆ ಕೈಚೀಲದಿಂದ ಒಂದು ಫೋಟೋ ತೆಗೆದು ಮುಂದಿಟ್ಟಳು. ಸೈನಿಕನ ಉಡುಪಿನಲ್ಲಿ ಕ್ಲೋವಿಸ್.

"ನನಗೆ ಇವರ ನೆನಪಿಲ್ಲ," ಎಂದಳು. "ಅಮ್ಮ ಸಾಯೋವರೆಗೂ ಒಂದೇ ಮಾತು ಹೇಳ್ತಿದ್ರು, ನಿಮ್ಮಪ್ಪ ಕುಡೀತಿರ್ಲಿಲ್ಲ ಅಂತ. ಅಷ್ಟೇ. ಬೇರೇನೂ ಅವರಿಗೆ ಗೊತ್ತಿರ್ಲಿಲ್ಲ. ಒಂದೇ ಪ್ರಶ್ನೆ ಕೇಳೋಕೆ ಬಂದೆ. ನೀವು ಅದನ್ನ ಕಂಡಿದ್ದಾ, ಕನಸಾ?"

ಅಯೋಲಾ ಮೂಲೆಯಿಂದ ತಂಗಿಯನ್ನೇ ನೋಡುತ್ತಿದ್ದಳು. ಹೊರಗೆ ಕೋಳಿಯೊಂದು ತಗಡಿನ ಮೇಲೆ ಹತ್ತಿ ಇಳಿದ ಸದ್ದಾಯಿತು.

"ಕನಸು," ಎಂದಳು ರುವೀನಿಯಾ.

ಮಾರ್ವಲೀನ್ ತಲೆಯಾಡಿಸಿದಳು. ಫೋಟೋವನ್ನು ಎತ್ತಿಕೊಳ್ಳಲಿಲ್ಲ. "ಮ್ಯೂಸಿಯಂನಲ್ಲಿ ನಿನ್ನೆ ಆ ಚಿತ್ರದ ಮುಂದೆ ಒಂದು ಗಂಟೆ ನಿಂತಿದ್ದೆ. ಮಂಡಿಯೂರಿರೋ ಮನುಷ್ಯನ ಎಡಗಿವೀಲಿ ಒಂದು ತುಂಡು ಹೋಗಿದೆ. ಅಪ್ಪನಿಗೆ ಯುದ್ಧದಲ್ಲಿ ಹಾಗಾಗಿತ್ತು, ಸೈನ್ಯದ ಕಾಗದದಲ್ಲಿ ಬರೆದಿದೆ. ಈ ಫೋಟೋ ಅದಕ್ಕೂ ಮೊದಲು ತೆಗೆದದ್ದು, ನೋಡಿ, ಕಿವಿ ಪೂರ್ತಿ ಇದೆ. ಕನಸಲ್ಲಿ ಆ ಕಿವಿ ನಿಮಗೆ ಹೇಗೆ ಕಂಡ್ತು?"

"ಅವಳು ಚಿಕ್ಕವಳಿದ್ದಾಗ ನಿಮ್ಮಪ್ಪನ್ನ ನೋಡಿರ್ತಾಳೆ ಕಣಮ್ಮ," ಎಂದಳು ಅಯೋಲಾ. "ಊರೆಲ್ಲ ನೋಡಿತ್ತು. ನೆನಪೆಲ್ಲ ಕಲಸಿಕೊಂಡು ಕನಸಾಗ್ತದೆ."

"ನಾನು ಅವರನ್ನ ಕೇಳ್ದೆ," ಎಂದಳು ಮಾರ್ವಲೀನ್.

ರುವೀನಿಯಾ ಚಹಾದ ಲೋಟವನ್ನು ಅವಳ ಕಡೆ ಸರಿಸಿದಳು. ಮಾರ್ವಲೀನ್ ಫೋಟೋವನ್ನು ಕೈಚೀಲಕ್ಕೆ ಹಾಕಿಕೊಂಡು ಎದ್ದಳು. "ನಾಳೆ ನಾನೂ ಬರ್ತೀನಿ. ನೀವು ಸಹಿ ಹಾಕೋದನ್ನ ನೋಡ್ಬೇಕು ನನಗೆ."

ಅವಳು ಹೋದ ಮೇಲೆ ಅಯೋಲಾ ತಟ್ಟೆಗಳನ್ನು ಎತ್ತಿಟ್ಟಳು. "ಸರಿಯಾಗಿ ಹೇಳ್ದೆ. ಅಪ್ಪನ ಹೆಸರು ಉಳೀತು."

"ಅಪ್ಪ ಯಾಕೆ ಹಾಗೆ ಮಾಡ್ದ ಅಕ್ಕ?"

"ಏನು ಮಾಡ್ದ? ಯಜಮಾನ ಹೋಗಿ ಕರ್ಕೊಂಡು ಬಾ ಅಂದ, ಹೋದ. ಬರೋಲ್ಲ ಅಂದಿದ್ರೆ ನದೀಲಿ ಇಬ್ಬರಿರ್ತಿದ್ರು. ನಾನು ನೀನು ಅಮ್ಮ ಬೀದೀಲಿರ್ತಿದ್ವಿ."

"ಅವನಿಗೆ ಗೊತ್ತಿತ್ತಾ, ಯಾಕೆ ಕರೀತಿದಾರೆ ಅಂತ?"

ಅಯೋಲಾ ತಟ್ಟೆಯನ್ನು ಒರೆಸುತ್ತಲೇ ಇದ್ದಳು. ಅದು ಒಣಗಿ ಎಷ್ಟೋ ಹೊತ್ತಾಗಿತ್ತು. "ನನ್ನ ಮುಂದೆ ಆ ಪ್ರಶ್ನೆ ಇನ್ನೊಂದು ಸಲ ಎತ್ತಬೇಡ," ಎಂದಳು.

ಶುಕ್ರವಾರ ಮ್ಯೂಸಿಯಂನ ಸಭೆ ಕೋಣೆಯಲ್ಲಿ ಏಳು ಜನ ಕೂತರು. ನಿರ್ದೇಶಕಿ, ಎಳೆಯ ಪ್ರಾಯದ ಬಿಳಿಯ ಹೆಂಗಸು, ಎಲ್ಲರಿಗೂ ಕಾಫಿ ಬೇಕೇ ಎಂದು ಎರಡು ಸಲ ಕೇಳಿದಳು. ಕೀಫ್ ಅವಳ ಪಕ್ಕ. ಎದುರಿಗೆ ಸ್ಟ್ರಿಬ್ಲಿಂಗ್‌ನ ವಕೀಲ, ಅವನ ಪಕ್ಕದಲ್ಲಿ ಟೋಪಿಯನ್ನು ಮಂಡಿಯ ಮೇಲಿಟ್ಟುಕೊಂಡ ಸ್ಟ್ರಿಬ್ಲಿಂಗ್. ಬರಬೇಕಾದ ಅಗತ್ಯವಿರಲಿಲ್ಲ, ಬಂದಿದ್ದ. ಮಾರ್ವಲೀನ್ ಗೋಡೆಗೆ ಹಾಕಿದ್ದ ಕುರ್ಚಿಯಲ್ಲಿ ನೆಟ್ಟಗೆ ಕೂತಿದ್ದಳು. ಅಯೋಲಾ ತಂಗಿಯ ಭುಜಕ್ಕೆ ಭುಜ ತಾಗಿಸಿಕೊಂಡಿದ್ದಳು.

ವಕೀಲ ಕಾಗದವನ್ನು ತಳ್ಳಿ, ಪೆನ್ನಿನ ಮುಚ್ಚಳ ತೆಗೆದುಕೊಟ್ಟ. "ಇಲ್ಲಿ, ಗೆರೆಯ ಮೇಲೆ."

ರುವೀನಿಯಾ ಪೆನ್ನು ಹಿಡಿದಳು. ಎಂಟು ವರ್ಷ ಕಡ್ಡಿ ಹಿಡಿದ ಬೆರಳುಗಳಲ್ಲಿ ಅದು ಜಾರುತ್ತಿತ್ತು. "ಒಂದ್ಸಲ ಚಿತ್ರ ನೋಡ್ಬೇಕು," ಎಂದಳು.

"ಅದರ ಅಗತ್ಯ ಏನಿದೆ?" ಎಂದ ವಕೀಲ.

"ನಾನು ಬರೆದದ್ದು. ಏನಕ್ಕೆ ಸಹಿ ಹಾಕ್ತಿದೀನಿ ಅಂತ ನೋಡ್ಬೇಡ್ವಾ?"

ನಿರ್ದೇಶಕಿ ಎದ್ದು ಬಾಗಿಲು ತೆರೆದಳು. ಎಲ್ಲರೂ ಸಾಲಾಗಿ ಆಚೆ ಹಜಾರಕ್ಕೆ ಬಂದರು. ಬಿಳಿ ಗೋಡೆಯ ಮೇಲೆ ಅವಳ ತಗಡುಗಳು ತೂಗುತ್ತಿದ್ದವು. ತನ್ನ ಹಿತ್ತಲಿನಲ್ಲಿ ಮಳೆ ಬಿಸಿಲಿಗೆ ಬಿದ್ದಿದ್ದಾಗ ಅವು ಇಷ್ಟು ದೊಡ್ಡವೆಂದು ಅವಳಿಗೆ ಎಂದೂ ಅನ್ನಿಸಿರಲಿಲ್ಲ. ಕಡವಿನ ಚಿತ್ರದ ಮುಂದೆ ನಿಂತಳು. ಮಂಡಿಯೂರಿದವನ ಕಿವಿ ನೋಡಿದಳು. ಅವನ ಹಿಂದೆ, ದಡದಿಂದ ಮೇಲಕ್ಕೇರುವ ಕಾಲುದಾರಿಯನ್ನು ಅವಳು ಹಸಿರು ಬಳಿದು ಮುಚ್ಚಿದ್ದಳು. ಆ ಹಸಿರು ಉಳಿದೆಡೆಗಿಂತ ದಪ್ಪವಾಗಿತ್ತು. ಮೂರು ಸಲ ಬಳಿದಿದ್ದಳು.

"ಇದು ಕನಸಲ್ಲ," ಎಂದಳು.

ಅವಳ ದನಿ ಆ ದೊಡ್ಡ ಹಜಾರದಲ್ಲಿ ಸಣ್ಣದಾಗಿ ಕೇಳಿಸಿತು. ಹಾಗಾಗಿ ಇನ್ನೊಮ್ಮೆ ಹೇಳಿದಳು. "ಕನಸಲ್ಲ. ನಾನು ನೋಡಿದ್ದು. ಹನ್ನೊಂದು ವರ್ಷ ನನಗೆ. ಅಲ್ಲಿ ಮೇಲೆ ಪೊದೇಲಿದ್ದೆ." ಸ್ಟ್ರಿಬ್ಲಿಂಗ್‌ನ ಕಡೆ ತಿರುಗಿದಳು. "ಹುಟ್ಟು ಹಿಡಿದೋನು ನೀನು."

ಆ 'ನೀನು' ಬಾಯಿಂದ ಬಿದ್ದದ್ದು ಅವಳಿಗೇ ಕೇಳಿಸಿತು. ಜೀವಮಾನದಲ್ಲಿ ಯಾವ ಬಿಳಿಯ ಗಂಡಸಿಗೂ ಅವಳು ಹಾಗೆ ಅಂದಿರಲಿಲ್ಲ. ಅಯೋಲಾ ಅವಳ ತೋಳನ್ನು ಉಗುರು ನೆಡುವಂತೆ ಹಿಡಿದಳು.

"ಇದು ಮಾನಹಾನಿ," ಎಂದ ವಕೀಲ. "ವಯಸ್ಸಾದ ಹೆಂಗಸು, ನಲವತ್ತು ವರ್ಷದ ಹಿಂದಿನ ಭ್ರಮೆ. ಮೇಡಂ, ನೀವು ದಯವಿಟ್ಟು..."

"ಸುಳ್ಳಿ," ಎಂದ ಸ್ಟ್ರಿಬ್ಲಿಂಗ್. ಮುಖ ಇಟ್ಟಿಗೆಯ ಬಣ್ಣಕ್ಕೆ ತಿರುಗಿತ್ತು. ವಕೀಲ ಮುಂಗೈ ಹಿಡಿದದ್ದನ್ನು ಕೊಡವಿಕೊಂಡ. "ಅಷ್ಟು ನೋಡಿದೋಳು ನಿಮ್ಮಪ್ಪನ್ನ ಯಾಕೆ ಬಿಟ್ಟೆ? ಅದನ್ನೂ ಹೇಳು. ಆ ಕ್ಲೋವಿಸ್‌ನ ಕಡವಿಗೆ ಕರ್ಕೊಂಡು ಬಂದೋನು ಹೋಸಿಯಾ. ಟೋಪಿ ಹಿಡ್ಕೊಂಡು ನನ್ನ ಮುಂದೆ ನಿಂತು, ಬಿಟ್ಬಿಡಿ ಸ್ವಾಮಿ ಅಂತ ಗೊಣಗಿದ. ಆಮೇಲೆ ಬಾಲ ಮುದುರಿಕೊಂಡು ಮನೆಗೆ ಹೋದ. ಹೇಳು ಅದನ್ನ."

ಮಾತು ಮುಗಿದ ಮೇಲೆಯೇ ಅವನಿಗೆ ತಾನೇನು ಹೇಳಿದೆನೆಂದು ಹೊಳೆದದ್ದು. ವಕೀಲ ಕಣ್ಣು ಮುಚ್ಚಿಕೊಂಡ.

ಮಾರ್ವಲೀನ್ ಗೋಡೆಯ ಬದಿಯಿಂದ ಎರಡು ಹೆಜ್ಜೆ ಮುಂದೆ ಬಂದಳು. ಅವಳ ದನಿ ಏರಲಿಲ್ಲ. "ಯಾರ ಮುಂದೆ ನಿಂತ ಅಂದ್ರಿ?"

ಸ್ಟ್ರಿಬ್ಲಿಂಗ್ ಟೋಪಿ ತಲೆಗಿಟ್ಟುಕೊಂಡ. ಅದು ಓರೆಯಾಗಿ ಕೂತಿತು. "ನನಗೆ ಮೈ ಸರಿಯಿಲ್ಲ," ಎಂದು ವಕೀಲನಿಗೆ ಹೇಳಿದ. ಅವರಿಬ್ಬರೂ ಹೊರಗೆ ಹೋಗುವವರೆಗೆ ನಿರ್ದೇಶಕಿ, ಕೀಫ್ ಇಬ್ಬರೂ ಕದಲಲಿಲ್ಲ. ಕೋಲಿನ ಸದ್ದು ಮೆಟ್ಟಿಲ ತುದಿಯವರೆಗೆ ಕೇಳಿಸಿತು.

ಆಗ ರುವೀನಿಯಾ ಮಾರ್ವಲೀನ್‌ಳ ಕಡೆ ತಿರುಗಿ ಉಳಿದದ್ದನ್ನೆಲ್ಲ ಹೇಳಿದಳು. ಹೂತ ಚಕ್ರದ ಸುಳ್ಳು, ಅಪ್ಪನ ಟೋಪಿ, ಬೆನ್ನು ತಿರುಗಿಸಿದ್ದು, ಭುಜದ ಬಟ್ಟೆ. ಯಾವುದನ್ನೂ ಮೆತ್ತಗೆ ಮಾಡಲಿಲ್ಲ. "ಅಪ್ಪನಿಗೆ ಮೊದಲೇ ಗೊತ್ತಿತ್ತೋ ಇಲ್ಲವೋ ನನಗೆ ಗೊತ್ತಿಲ್ಲ. ಗೊತ್ತಿರ್ಲಿಲ್ಲ ಅಂತ ಹೇಳೋಕೆ ಆಸೆ. ಹೇಳೋಕಾಗಲ್ಲ. ನಿನ್ನೆ ನಿನಗೆ ಸುಳ್ಳು ಹೇಳ್ದೆ."

ಮಾರ್ವಲೀನ್ ಹತ್ತಿರ ಬಂದಳು. ಕೈ ಎತ್ತಿದಾಗ ಹೊಡೆಯುತ್ತಾಳೆಂದೇ ರುವೀನಿಯಾ ಅಂದುಕೊಂಡಳು. ಅವಳು ಆ ಕೈಯಿಂದ ತನ್ನ ಬಾಯಿ ಮುಚ್ಚಿಕೊಂಡು ಹೊರಗೆ ನಡೆದಳು. ರುವೀನಿಯಾ ತಿರುಗಿದರೆ ಅಯೋಲಾ ಕೂಡ ಇರಲಿಲ್ಲ. ಅವಳು ಆಗಲೇ ಬಸ್ ನಿಲ್ದಾಣದ ದಾರಿ ಹಿಡಿದಿದ್ದಳು.

ರಾಜ್ಯದ ತನಿಖೆಯವರು ಎರಡು ವಾರದ ಮೇಲೆ ಬಂದು ರುವೀನಿಯಾಳ ಹೇಳಿಕೆ ಬರೆದುಕೊಂಡರು. ಅದಕ್ಕೆ ಅವಳು ಸಹಿ ಹಾಕಿದಳು. ನಿರ್ದೇಶಕಿಯೂ ಕೀಫನೂ ತಾವು ಕೇಳಿದ್ದನ್ನು ಬರೆದುಕೊಟ್ಟರು. ಕೀಫ್ ಹಿಂಜರಿಯುತ್ತಾನೆಂದು ಅವಳು ಅಂದುಕೊಂಡಿದ್ದಳು, ಅವನು ಹಿಂಜರಿಯಲಿಲ್ಲ. ಕಡವಿನಲ್ಲಿದ್ದ ಮೂವರು ಬಿಳಿಯರಲ್ಲಿ ಬದುಕುಳಿದಿದ್ದವನು ಸ್ಟ್ರಿಬ್ಲಿಂಗ್ ಒಬ್ಬನೇ. ಊರಲ್ಲಿ ಜನ ಆಡಿಕೊಂಡದ್ದನ್ನು ಕೋಪದಲ್ಲಿ ಆಡಿದೆ, ಅಷ್ಟೇ ಎಂದು ವಕೀಲನ ಮೂಲಕ ಹೇಳಿಸಿದ. ಅವನನ್ನು ವಿಚಾರಣೆಗೆ ಒಪ್ಪಿಸುವಷ್ಟು ಸಾಕ್ಷಿ ಇಲ್ಲವೆಂದು ಜ್ಯೂರಿ ತೀರ್ಮಾನಿಸಿತು. ಅವನು ಮತ್ತೆ ಅಂಗಡಿಯ ಮುಂದೆ ಕೂರಲಿಲ್ಲ. ಹ್ಯಾಡ್ಲಿಯ ಕರಿಯರು ಕೋಳಿ ಮೇವಿಗೆ ಇಪ್ಪತ್ತು ಮೈಲಿ ಆಚೆಗೆ ಹೋಗತೊಡಗಿದರು. ಯಾರೂ ಸಭೆ ಸೇರಿ ಹಾಗೆಂದು ತೀರ್ಮಾನಿಸಿದ್ದಲ್ಲ. ಕ್ಲೋವಿಸ್‌ನ ಮರಣಪತ್ರವನ್ನು ಮಾತ್ರ ತಿದ್ದಿದರು. 'ಮುಳುಗಿ ಸಾವು' ಎಂಬುದನ್ನು ಹೊಡೆದು 'ಇತರರ ಕೈಯಿಂದ ಸಾವು' ಎಂದು ಟೈಪು ಮಾಡಿದರು.

ಚರ್ಚಿನಲ್ಲಿ ಹೆಂಗಸರು ರುವೀನಿಯಾಗೆ ಪಕ್ಕಕ್ಕೆ ಸರಿದು ಜಾಗ ಬಿಡುತ್ತಿದ್ದರು, ಬೇಕಾದ್ದಕ್ಕಿಂತ ಹೆಚ್ಚೇ ಜಾಗ. ಅಯೋಲಾ ಮೂರು ಸಾಲು ಮುಂದೆ ಕೂರುತ್ತಿದ್ದಳು, ತಿರುಗುತ್ತಿರಲಿಲ್ಲ.

ಮ್ಯೂಸಿಯಂನವರು ಗೋಡೆಯಿಂದ ತೆಗೆದ ತಗಡುಗಳನ್ನು ಕೀಫ್ ತನ್ನ ವ್ಯಾನಿನಲ್ಲಿ ವಾಪಸು ತಂದು ಇಳಿಸಿದ. ಒಂದೊಂದನ್ನೇ ಗೋಡೆಗೆ ಒರಗಿಸುತ್ತ ಕೊನೆಗೆ ಕೇಳಿದ, "ಮಿಕ್ಕ ಇಪ್ಪತ್ತೊಂದೂ ಕನಸಲ್ವಾ ಹಾಗಾದ್ರೆ?"

"ಆ ಹಾವೊಂದು ಕನಸು," ಎಂದಳು ರುವೀನಿಯಾ. "ಉಳಿದದ್ದೆಲ್ಲ ಇಲ್ಲೇ ನಡೆದದ್ದು."

ಅವನು ಹಾವನ್ನು ನೋಡಿದ, ಉಳಿದವನ್ನು ನೋಡಿದ. ಅಂದು ಕಡಲೆಕಾಯಿ ತಿಂದು ಹೋದ.

ಮಾರ್ವಲೀನ್‌ಳ ಫೋನ್ ಬಂದದ್ದು ಏಳನೆಯ ವಾರ. "ಆ ಚಿತ್ರ ನನಗೆ ಬೇಕು," ಎಂದಳು, ಕ್ಷೇಮಸಮಾಚಾರ ಏನೂ ಇಲ್ಲದೆ. "ಕೊಡ್ತೀರಾ?"

"ಅದು ನಿನ್ನದೇ."

"ಆದ್ರೆ ಈಗಿರೋ ಹಾಗೆ ಬೇಡ. ನಿಮ್ಮಪ್ಪನ್ನೂ ಬರೀರಿ. ನಿಮ್ಮ ಮೇಲೆ ಕೋಪ ಹೋಗಿಲ್ಲ. ಅವರ ಮೇಲಂತೂ ಹೋಗೋದೇ ಇಲ್ವೇನೋ. ಆದ್ರೆ ಅಲ್ಲಿದ್ದವರೆಲ್ಲ ಇರಬೇಕು ಅದರಲ್ಲಿ."

ರುವೀನಿಯಾ ತಗಡನ್ನು ಅಂಗಳದ ಮೇಜಿನ ಮೇಲೆ ಮಲಗಿಸಿ, ದಪ್ಪ ಹಸಿರನ್ನು ಚಾಕುವಿನಿಂದ ಕೆರೆದಳು. ಕಾಲುದಾರಿ ಬಯಲಾಯಿತು. ಅದರ ಮೇಲೆ ಅಪ್ಪನನ್ನು ಬರೆದಳು. ಮೊದಲ ದಿನ ಅವನು ನದಿಗೆ ಬೆನ್ನು ಹಾಕಿದ್ದ, ಸರಿ ಬರಲಿಲ್ಲ, ಅಳಿಸಿದಳು. ಎರಡನೆಯ ದಿನ ಟೋಪಿ ಹಿಡಿದು ಓರೆಯಾಗಿ ನಿಂತ. ಆ ಕಡೆಗೂ ಇಲ್ಲ, ಈ ಕಡೆಗೂ ಇಲ್ಲ. ಹಾಗೆಯೇ ಬಿಟ್ಟಳು. ಮುಖಕ್ಕೆ ಬಣ್ಣ ತುಂಬುತ್ತಿದ್ದಾಗ ಗೇಟು ಕಿರುಗುಟ್ಟಿತು.

ಅಯೋಲಾ ಒಳಗೆ ಬಂದಳು. ಟವೆಲ್ಲಿನಲ್ಲಿ ಸುತ್ತಿದ ತಟ್ಟೆಯನ್ನು ಜಗುಲಿಯ ಮೇಲಿಟ್ಟಳು. ಏನನ್ನೂ ಹೇಳದೆ ಮೇಜಿನ ಬಳಿ ಬಂದು, ಕನ್ನಡಕ ಹಾಕಿಕೊಂಡು ಬಗ್ಗಿದಳು. ರುವೀನಿಯಾ ಕೈಯಲ್ಲಿದ್ದ ಕಡ್ಡಿಯನ್ನು ಬಣ್ಣದ ಡಬ್ಬಿಯಲ್ಲೇ ನಿಲ್ಲಿಸಿ ಕಾದಳು. ಅಕ್ಕ ತಗಡನ್ನು ಎತ್ತಿ ನೆಲಕ್ಕೆ ಎಸೆದರೂ ಎಸೆಯಬಹುದಿತ್ತು. ನೋಡಿದಳು, ಬಹಳ ಹೊತ್ತು ನೋಡಿದಳು.

"ಅಪ್ಪ ಇಷ್ಟು ಕುಳ್ಳಗಿರ್ಲಿಲ್ಲ," ಎಂದಳು ಕಡೆಗೆ. "ಇನ್ನೊಂದು ಬೆರಳು ಎತ್ತರ ಮಾಡು."

ರುವೀನಿಯಾ ಕಡ್ಡಿಯನ್ನು ಕಪ್ಪು ಬಣ್ಣದಲ್ಲಿ ಅದ್ದಿದಳು.